ಕೊನೆಯ ಸೌಟು ನೀರು

ಮಾವಿನಹಣ್ಣಿನ ಹಾಲನ್ನು ನಾನು ಕುಡಿಯುವುದಿಲ್ಲ. ಸಕ್ಕರೆ ಕಾಯಿಲೆಯ ಹೆದರಿಕೆ ಎಂದು ಮನೆಯವರು ತಿಳಿದಿದ್ದಾರೆ, ನಾನೂ ತಿದ್ದಲು ಹೋಗಿಲ್ಲ. ಕಾಯಿಲೆ ಬಂದದ್ದು ಮೊನ್ನೆ ಮೊನ್ನೆ. ಕುಡಿಯುವುದನ್ನು ಬಿಟ್ಟದ್ದು ಹದಿಮೂರನೆಯ ವಯಸ್ಸಿನಲ್ಲಿ, ನನ್ನ ಮದುವೆ ನಿಶ್ಚಯವಾದ ವಾರ.

ಹೋದ ಬೇಸಿಗೆಯಲ್ಲಿ ನಮ್ಮ ಕೊಪ್ಪಳದ ಮನೆಯ ಮಾಳಿಗೆಯ ಮೇಲೆ ಬಾಡಿಗೆಗಿರುವ ಹುಡುಗಿ ಊರಿನಿಂದ ಬಂದಳು. ಕುಷ್ಟಗಿ ಕಡೆಯವಳು, ಇಲ್ಲಿ ಪ್ರಾಥಮಿಕ ಶಾಲೆಯಲ್ಲಿ ಪಾಠ ಹೇಳುತ್ತಾಳೆ. ಬರುವಾಗ ಒಂದು ಬುಟ್ಟಿ ಮಾವಿನಹಣ್ಣು ತಂದಿದ್ದಳು. ಬುಟ್ಟಿಯನ್ನು ಇಳಿಸಿ, ಸೆರಗಿನಿಂದ ಬೆವರು ಒರೆಸಿಕೊಂಡು, "ನಮ್ಮ ಅಕ್ಕೋರು ಹ್ವಾದ್ರುರಿ, ಅಮ್ಮಾರ" ಅಂದಳು. ಈ ಕಡೆ ಪಾಠ ಹೇಳುವ ಹೆಂಗಸರನ್ನೆಲ್ಲ ಅಕ್ಕೋರು ಅನ್ನುತ್ತಾರೆ. ಯಾವ ಅಕ್ಕೋರು ಎಂದು ಕೇಳಿದೆ. "ಅಕ್ಷರ ಕಲಿಸಿದೋರುರಿ. ಎಂಬತ್ತು ದಾಟಿತ್ತು. ಕೊನೀತನಕಾ ಛತ್ರಿ ಬಿಡಲಿಲ್ಲ. ತಲಿಕಟ್ಟು ಹಾಕದ ಅಕ್ಷರ ಬಿಸಲಾಗ ನಿಂತಂಗ ಅಂತ ಬೈತಿದ್ರು" ಅಂದಳು. ನಾನು ಬುಟ್ಟಿಯ ಕಡೆ ನೋಡುತ್ತ ಕುಳಿತೆ. ಆ ಮಾತನ್ನು ಜಗತ್ತಿನಲ್ಲಿ ಇಬ್ಬರು ಹೇಳಿರಲಿಕ್ಕಿಲ್ಲ.

ನಾನು ಅವರನ್ನು ಮೊದಲು ಕಂಡದ್ದು ಗಂಗಾವತಿಯಲ್ಲಿ, ನಿಜಾಮನ ಕಾಲದಲ್ಲಿ. ಗಂಡುಹುಡುಗರು ಸರಕಾರಿ ಸಾಲೆಗೆ ಹೋಗಿ ಉರ್ದುವಿನ ಅಲಿಫ್, ಬೇ ಕಲಿಯುತ್ತಿದ್ದರು. ಹೆಣ್ಣುಹುಡುಗಿಯರು ಮನೆಯಲ್ಲಿ ಹೂಬತ್ತಿ ಮಾಡುತ್ತಿದ್ದರು. ನನ್ನ ಅಪ್ಪ ತಹಸೀಲ ಕಚೇರಿಯಲ್ಲಿ ಪೇಶ್ಕಾರ. ಬಾಯಲ್ಲಿ ಸದಾ ಸುಧಾರಣೆಯ ಮಾತು. ಓಣಿಯ ಹುಡುಗಿಯರಿಗೆ ಕನ್ನಡ ಕಲಿಸಬೇಕೆಂದು ಪಟ್ಟುಹಿಡಿದು, ಗದಗಿನಲ್ಲಿ ಏಳನೆಯ ಇಯತ್ತೆಯ ಮುಲ್ಕಿ ಪರೀಕ್ಷೆ ಪಾಸಾದ, ಕುಷ್ಟಗಿ ಕಡೆಯ ಒಬ್ಬ ಹೆಂಗಸನ್ನು ಕರೆಸಿದರು. ನಮ್ಮ ವಾಡೆಯ ಹೊರಗೋಡೆಗೆ ಹತ್ತಿಕೊಂಡು, ದನದ ಕೊಟ್ಟಿಗೆಯ ಪಕ್ಕದಲ್ಲಿ ಒಂದು ಕೋಣೆಯಿತ್ತು. ಅದಕ್ಕೆ ಓಣಿಯ ಕಡೆಗೊಂದು ಬಾಗಿಲು, ಅಂಗಳದ ಕಡೆಗೊಂದು ಬಾಗಿಲು. ಅದನ್ನೇ ಅವರಿಗೆ ಕೊಟ್ಟರು.

ಒಂದು ತಗಡಿನ ಟ್ರಂಕು, ಒಂದು ಹಿತ್ತಾಳೆ ಕೊಡ, ಒಂದು ಕರೀ ಛತ್ರಿ ತೆಗೆದುಕೊಂಡು ಚಕ್ಕಡಿಯಿಂದ ಇಳಿದರು. ಹೆಂಗಸು ಛತ್ರಿ ಹಿಡಿದದ್ದನ್ನು ನಮ್ಮ ಓಣಿ ಅದೇ ಮೊದಲು ನೋಡಿದ್ದು. ಮೂವತ್ತರ ಆಸುಪಾಸು, ಕಡ್ಡಿಯಂಥ ಮೈ, ಚೂಪು ಗದ್ದ. ಗಂಡ ಸತ್ತಿದ್ದನೋ, ಬಿಟ್ಟಿದ್ದನೋ, ಕೇಳುವ ಧೈರ್ಯ ಯಾರಿಗೂ ಬರಲಿಲ್ಲ. ಜಾತಿ ಕೇಳುವ ಧೈರ್ಯ ಮಾತ್ರ ಎಲ್ಲರಿಗೂ ಇತ್ತು. ಎದುರುಮನೆಯಾಕೆ ಮೊದಲ ದಿನವೇ ಕಟ್ಟೆಯ ಮೇಲೆ ಕೂತು, "ನೀವು ಯಾರ ಪೈಕಿರಿ?" ಎಂದು ರಾಗ ಎಳೆದಳು.

"ಮುಲ್ಕಿ ಪಾಸಾದೋರ ಪೈಕಿರಿ" ಅಂದರು ಅಕ್ಕೋರು.

ಆದರೂ ವಾರದೊಳಗೆ ತಿಳಿಯಿತು. ನಮ್ಮೂರಲ್ಲಿ ಜಾತಿ ಟಪಾಲಿಗಿಂತ ಬೇಗ ಬರುತ್ತಿತ್ತು. ಅವರ ಜಾತಿ ಯಾವುದೆಂದು ನಾನು ಇಲ್ಲಿ ಬರೆಯುವುದಿಲ್ಲ. ಅಂದು ಇಡೀ ಓಣಿ ಅದನ್ನು ಸಾಕಾಗುವಷ್ಟು ಹೇಳಿತ್ತು.

ಅವರು ದೇವತೆಯೇನೂ ಆಗಿರಲಿಲ್ಲ. ಸತ್ತವರನ್ನೆಲ್ಲ ದೇವರು ಮಾಡುವ ಬರವಣಿಗೆ ನನಗೆ ಸೇರುವುದಿಲ್ಲ, ಅವರಿಗೂ ಸೇರುತ್ತಿರಲಿಲ್ಲ. ಮೂಗಿನ ತುದಿಯಲ್ಲೇ ಸಿಟ್ಟು. ಹನ್ನೊಂದು ಹುಡುಗಿಯರಲ್ಲಿ ಅಕ್ಷರ ದುಂಡಗಿದ್ದವರನ್ನು ಮುಂದೆ ಕೂರಿಸುತ್ತಿದ್ದರು, ಉಳಿದವರನ್ನು ಕಂಬದ ಹಿಂದೆ. ಉಸುಕು ಹರವಿ ಅದರ ಮೇಲೆ ಬೆರಳಿನಿಂದ ತಿದ್ದಿಸುತ್ತಿದ್ದರು. ತಪ್ಪಿದರೆ ಉಸುಕನ್ನು ಅಳಿಸುತ್ತಿದ್ದದ್ದು ಅಂಗೈಯಿಂದಲ್ಲ, ಮೊಳಕೈಯಿಂದ. ಒಮ್ಮೆ ನಾನು ಪಕ್ಕದವಳ ಪಾಟಿ ನೋಡಿ ಬರೆದಾಗ ಕಿವಿಯನ್ನು ಎಷ್ಟು ಜೋರಾಗಿ ಹಿಂಡಿದರೆಂದರೆ ಎರಡು ದಿನ ಬೆಂಡೋಲೆ ಹಾಕಲಾಗಲಿಲ್ಲ.

"ತಪ್ಪು ಬರೀ, ನಡೀತೈತಿ. ಸುಳ್ಳು ಬರೀಬ್ಯಾಡ" ಅಂದರು.

ನನ್ನ ಅಜ್ಜಿಗೆ, ಅಂದರೆ ಅಪ್ಪನ ತಾಯಿಗೆ, ಅಕ್ಕೋರು ಬಂದದ್ದು ಹಿಡಿಸಿರಲಿಲ್ಲ. ಮನೆಯಲ್ಲಿ ಅಜ್ಜಿಯದೇ ಕಾಯಿದೆ. ಅಕ್ಕೋರು ನಮ್ಮ ಬಾವಿಯ ಹಗ್ಗ ಮುಟ್ಟುವ ಹಾಗಿರಲಿಲ್ಲ. ಬೆಳಿಗ್ಗೆ ತಮ್ಮ ಹಿತ್ತಾಳೆ ಕೊಡವನ್ನು ಒಗೆಯುವ ಕಲ್ಲಿನ ಮೇಲಿಟ್ಟು ನಾಲ್ಕು ಹೆಜ್ಜೆ ಹಿಂದೆ ಸರಿದು ನಿಲ್ಲಬೇಕು. ನಾನು ನೀರು ಸೇದಿ, ನಮ್ಮ ಕೊಡ ಅವರ ಕೊಡಕ್ಕೆ ತಗಲದಂತೆ ಮೇಲೆತ್ತಿ ಸುರಿಯಬೇಕು. ಅರ್ಧ ನೀರು ಕಲ್ಲಿನ ಮೇಲೆ ಚೆಲ್ಲುತ್ತಿತ್ತು. ಅವರು ಛತ್ರಿ ಊರಿಕೊಂಡು ಬೇರೆ ಕಡೆ ನೋಡುತ್ತ ನಿಂತಿರುತ್ತಿದ್ದರು. ಪಾಠದ ಹೊತ್ತಿನಲ್ಲಿ ನನ್ನನ್ನು ಹೆದರಿಸುತ್ತಿದ್ದ ಹೆಂಗಸು ನೀರಿನ ಹೊತ್ತಿನಲ್ಲಿ ನನ್ನ ದಾರಿ ಕಾಯುತ್ತಾರೆಂಬುದು ನನಗೆ ಆಗ ಮಜವಾಗಿ ಕಾಣುತ್ತಿತ್ತು. ಇದನ್ನು ಬರೆಯಲು ನಾಚಿಕೆಯಾಗುತ್ತದೆ.

ಮಾವಿನಹಣ್ಣಿನ ಹಾಲು ಶುರುವಾದದ್ದು ಅವರು ಬಂದ ಮೊದಲ ಬೇಸಿಗೆಯಲ್ಲಿ. ಆನೆಗೊಂದಿ ಕಡೆಯಿಂದ ಬುಟ್ಟಿಗಳಲ್ಲಿ ರಸದ ಹಣ್ಣು ಬರುತ್ತಿದ್ದವು. ಸಾಲೆಗೆ ಸೂಟಿ ಬಿಡುವ ದಿನ ಹುಡುಗಿಯರಿಗೆಂದು ಅಕ್ಕೋರು ಮಾಡಿದರು. ನಮ್ಮ ಮನೆಯಲ್ಲೂ ಶೀಕರಣೆ ಮಾಡುತ್ತಿದ್ದೆವು, ಚಪಾತಿಗೆ ಹಚ್ಚಿಕೊಂಡು ತಿನ್ನುವಂಥದ್ದು. ಇದು ಹಾಗಲ್ಲ. ಇದು ಕುಡಿಯುವಂಥದ್ದು, ತೆಳ್ಳಗೆ, ಮೇಲೆ ಬೆರಳುದ್ದ ನೊರೆ. ಗಂಗಾವತಿಯ ಬಿಸಿಲಲ್ಲಿ ಬಂಡೆಗಳು ಕಾದು ಸಂಜೆಯಾದರೂ ಆರದ ದಿನಗಳವು. ನಾನು ಒಂದು ಲೋಟವನ್ನು ಸೆರಗಿನಲ್ಲಿ ಮುಚ್ಚಿಕೊಂಡು ಬಂದೆ. ಅಜ್ಜಿ ಹಿಡಿದರು.

ಬೈಯುತ್ತಾರೆಂದುಕೊಂಡೆ. ಅಜ್ಜಿ ಲೋಟದ ಹತ್ತಿರ ಮೂಗು ತಂದರು. ಹಲ್ಲುಗಳೆಲ್ಲ ಉದುರಿದ್ದ ಅಜ್ಜಿಗೆ ಮಾವಿನಹಣ್ಣೆಂದರೆ ಪ್ರಾಣ.

"ಇದರಾಗ ನೀರು ಹಾಕ್ಯಾಳೇನು?"

"ನಂಗೊತ್ತಿಲ್ಲ, ಅಜ್ಜಿ."

"ಉಪ್ಪು?"

"ಇಲ್ಲ."

ಅಜ್ಜಿ ಆ ದಿನವೇನೂ ಕುಡಿಯಲಿಲ್ಲ. ಆದರೆ ನಾಲ್ಕು ದಿನ ಯೋಚಿಸಿ ತೀರ್ಪು ಕೊಟ್ಟರು. ಹಾಲು ನಮ್ಮ ಮನೆಯದು, ಕಾಯಿಸಿ ಆರಿಸಿದ್ದು. ಬೆಲ್ಲ, ಏಲಕ್ಕಿ ನಮ್ಮವು. ಪಾತ್ರೆ, ಕಡಗೋಲು ನಮ್ಮವು. ಹಣ್ಣು ಮರದ್ದು. "ಹಣ್ಣಿನ ಸಿಪ್ಪಿ ತೊಳದರ ಒಳಗಿನ ತಿರುಳಿಗೆ ನೀರು ಮುಟ್ಟತದೇನು? ಇಲ್ಲ. ಉಪ್ಪಿಲ್ಲ, ಒಲಿ ಮ್ಯಾಲೆ ಇಟ್ಟಿಲ್ಲ. ಹಾಲು ಹಣ್ಣಿಗೆ ಮೈಲಿಗಿ ಎಲ್ಲಿಂದ ಬರಬೇಕು? ನೀರು ಮಾತ್ರ ಒಂದು ಹನಿ ಬೀಳಬಾರದು, ನೋಡು" ಎಂದು ನನಗೆ ಹೇಳಿ ಕಳಿಸಿದರು. ಹೀಗೆ ಏಕಾದಶಿಯ ದಿನ, ಅನ್ನ ಮುಟ್ಟದ ನಮ್ಮ ಅಜ್ಜಿಯ ಉಪವಾಸ ಅಕ್ಕೋರ ಕೋಣೆಯಿಂದ ಬಂದ ತಂಬಿಗೆಯಿಂದ ಸಾಗತೊಡಗಿತು. ಮೂರು ಬೇಸಿಗೆ ಹಾಗೇ ನಡೆಯಿತು. ಏಕಾದಶಿ ಎರಡು ವಾರಕ್ಕೊಮ್ಮೆ ಬರುತ್ತದಲ್ಲ, ಅಷ್ಟು ತಡೆಯಲಾಗದೆ ಅಜ್ಜಿ ನಡುನಡುವೆ ಶನಿವಾರವೂ ಹಿಡಿದರು.

ಎದುರುಮನೆಯಾಕೆ ಇದನ್ನು ಕೇಳಿ, "ಅಕ್ಕೋರಿಗೂ ನಿಮಗೂ ಭಾಳ ಗಳಸ್ಯಕಂಠಸ್ಯ ಆಗೇದ" ಎಂದು ಕುಟುಕಿದಾಗ ಅಜ್ಜಿ, "ಛಲೋ ಹೆಂಗಸು. ತನ್ನ ಅಂತಸ್ತು ತಿಳದು ಇರತಾಳ" ಅಂದರು. ನಮ್ಮ ಮನೆಯಲ್ಲಿ ಅದು ದೊಡ್ಡ ಹೊಗಳಿಕೆ.

ಅವರು ಅದನ್ನು ಮಾಡುತ್ತಿದ್ದ ರೀತಿ ಹೇಳಬೇಕು. ಮನೆಯೆಲ್ಲ ಉಂಡು ಮಲಗಿದ ಮಧ್ಯಾಹ್ನ ನಾನು ಹಾಲಿನ ಪಾತ್ರೆ, ಕಡಗೋಲು, ಸೌಟು, ಬೆಲ್ಲ ಒಯ್ಯಬೇಕು. ಅಜ್ಜಿಯ ಕಾಯಿದೆಯಂತೆ ನಾನು ಅವನ್ನು ಹೊಸ್ತಿಲ ಹೊರಗಿಟ್ಟು ದೂರ ನಿಲ್ಲಬೇಕು. ನಾನು ನಿಲ್ಲುತ್ತಿರಲಿಲ್ಲ. ಒಳಗೆ ಹೋಗಿ ಅವರ ಮಗ್ಗುಲಲ್ಲೇ ಕೂರುತ್ತಿದ್ದೆ. ಆಮೇಲೆ ಕೈಕಾಲು ಸಹ ತೊಳೆಯದೆ ಅಡುಗೆಮನೆಗೆ, ದೇವರಮನೆಗೆ ಹೋಗುತ್ತಿದ್ದೆ. ಅದು ನಮ್ಮಿಬ್ಬರ ಗುಟ್ಟು.

ಹಣ್ಣುಗಳನ್ನು ಬೆಳಿಗ್ಗೆಯೇ ಮಣ್ಣಿನ ಹರವಿಯ ನೀರಿನಲ್ಲಿ ಮುಳುಗಿಸಿ ಇಟ್ಟಿರುತ್ತಿದ್ದರು. ತೆಗೆದು, ಒಣಬಟ್ಟೆಯಿಂದ ಒಂದೊಂದನ್ನೇ ಒರೆಸಿ, ತೊಟ್ಟಿನ ಹತ್ತಿರ ಮೂಸುವರು. ಹುಳಿಯಿದ್ದ ಹಣ್ಣು ಹಾಲನ್ನು ಒಡೆಯುತ್ತದೆ, ಅದನ್ನು ಮೂಗಿನಿಂದಲೇ ಹಿಡಿದು ಪಕ್ಕಕ್ಕಿಡುವರು. ಅಂಗೈಗಳ ನಡುವೆ ಹಣ್ಣನ್ನು ಉರುಳಿಸಿ ಮೆದು ಮಾಡಿ, ತೊಟ್ಟು ಕಿತ್ತು, ಮೊದಲ ಎರಡು ಹನಿ ಸೊನೆಯನ್ನು ಹಿಂಡಿ ಚೆಲ್ಲುವರು. ಆಮೇಲೆ ರಸ. ಗೊರಟಿಗೆ ಸ್ವಲ್ಪ ಹಾಲು ಹಾಕಿ ತಿಕ್ಕಿದರೆ ಅಂಟಿಕೊಂಡದ್ದೂ ಬಿಡುತ್ತಿತ್ತು. ತೆಳುಬಟ್ಟೆಯಲ್ಲಿ ಸೋಸಿ ನಾರು ತೆಗೆದು, ಪುಡಿ ಮಾಡಿದ ಬೆಲ್ಲ, ಏಲಕ್ಕಿ, ಚಿಟಿಕೆ ಒಣಶುಂಠಿ ಕೂಡಿಸುವರು.

"ರಸಕ್ಕ ಹಾಲು ಹಾಕಬೇಕು. ಹಾಲಿಗೆ ರಸ ಹಾಕಬಾರದು. ಸಣ್ಣಾಗಿ, ದಾರದಂಗ" ಅನ್ನುವರು. ನಂತರ ಪಾತ್ರೆಯನ್ನು ಹಸಿ ಉಸುಕಿನಲ್ಲಿ ಕೂರಿಸಿ ಕಡಗೋಲು ಆಡಿಸುವರು. ನಮಗೆ ಅಕ್ಷರ ತಿದ್ದಿಸುತ್ತಿದ್ದ ಉಸುಕೇ ಅದು.

ಇಷ್ಟಾದರೂ ಅದು ಗಟ್ಟಿ. ನೊರೆ ಏಳುತ್ತಿರಲಿಲ್ಲ. ಮೊದಲ ಸಲ ಹೀಗಾದಾಗ ಅಕ್ಕೋರು ಕಡಗೋಲು ನಿಲ್ಲಿಸಿ ನನ್ನ ಮುಖ ನೋಡಿದರು. "ಒಂದು ಸೌಟು ತಣ್ಣೀರು ಬೇಕವಾ ಇದಕ್ಕ. ಇಲ್ಲದಿದ್ರ ಇದು ಕುಡಿಯೂದಲ್ಲ, ನುಂಗೂದು."

"ಅಜ್ಜಿ ನೀರು ಬ್ಯಾಡ ಅಂದಾಳ್ರಿ."

"ನಾ ಹಾಕಿದ್ರ ಬ್ಯಾಡ. ನೀ ಹೋಗಿ ನಿಮ್ಮ ಬಾವೀಲಿಂದ, ನಿಮ್ಮ ತಂಬಿಗ್ಯಾಗ ತಗೊಂಬಾ. ನಿಮ್ಮ ಸೌಟಿನಿಂದ ನೀ ಹಾಕು. ನಾ ಮುಟ್ಟೂದಿಲ್ಲ. ನಿಮ್ಮ ಬಾವಿ, ನಿನ್ನ ಕೈ, ನಡುವ ನಾ ಎಲ್ಲಿ ಬಂದೆ?"

ನಾನು ತಂದೆ. ಅವರು ಕಡಗೋಲನ್ನು ಪಾತ್ರೆಯ ಅಂಚಿಗೆ ಒರಗಿಸಿ, ಎರಡೂ ಕೈಯನ್ನು ಬೆನ್ನ ಹಿಂದೆ ಕಟ್ಟಿಕೊಂಡು ನಿಂತರು. "ನೀ ಹಾಕವಾ" ಅಂದರು. ಹಾಕಿದೆ. ಆಮೇಲೆ ಎರಡೇ ಸುತ್ತು ಕಡೆದರು, ನೊರೆ ಪಾತ್ರೆಯ ಕಂಠಕ್ಕೆ ಬಂತು.

ಮೂರು ಬೇಸಿಗೆ ಪ್ರತಿ ಸಲವೂ ಹೀಗೇ. ಕೈ ಬೆನ್ನ ಹಿಂದೆ, "ನೀ ಹಾಕವಾ." ಒಂದು ದಿನ ನಾನು ಬೇಸರದಿಂದ, ನೀವೇ ಹಾಕಿರಿ, ಯಾರು ನೋಡುತ್ತಾರೆ ಅಂದೆ. ಅವರ ಮುಖ ಕೆಂಪಾಯಿತು. "ಮುದುಕಿ ಉಪಾಸ ಐತಿ. ನಾ ಅದನ್ನ ನಂಬೂದಿಲ್ಲ, ಆದ್ರ ಆಕಿ ನಂಬ್ಯಾಳ. ನಂಬಿದಾಕೀಗೆ ಮೋಸ ಮಾಡಬಾರದು" ಅಂದರು. ಅಜ್ಜಿಯ ಮಡಿಯನ್ನು ಅಜ್ಜಿಗಿಂತ ಹೆಚ್ಚು ಕಾಪಾಡಿದವರು ಅವರು. ಅಪ್ಪನ ಸುಧಾರಣೆಯ ಭಾಷಣಗಳನ್ನು ಎಷ್ಟೋ ಕೇಳಿದ್ದೇನೆ, ಅವುಗಳಲ್ಲಿ ಒಂದರಲ್ಲೂ ಇಷ್ಟು ಮರ್ಯಾದೆ ಇರಲಿಲ್ಲ.

ನಾಲ್ಕನೆಯ ಬೇಸಿಗೆಯಲ್ಲಿ ಕೊಪ್ಪಳದಿಂದ ನನ್ನನ್ನು ನೋಡಲು ಬಂದರು. ಹುಡುಗ, ಅವನ ತಾಯಿ, ಒಬ್ಬ ಚಿಕ್ಕಪ್ಪ. ಚಕ್ಕಡಿಯಲ್ಲಿ ಬಿಸಿಲಿಗೆ ಬೆಂದು ಬಂದಿದ್ದರು. ಅಜ್ಜಿ ಮೊದಲೇ ಅಕ್ಕೋರಿಗೆ ಹೇಳಿ ದೊಡ್ಡ ಪಾತ್ರೆಯ ತುಂಬ ಹಣ್ಣಿನ ಹಾಲು ಮಾಡಿಸಿದ್ದರು. ಆ ದಿನವೂ ಕೊನೆಯ ಸೌಟುಗಳನ್ನು ಹಾಕಿದವಳು ನಾನೇ, ಹೊಸ ಇಳಕಲ್ಲ ಸೀರೆ ಉಟ್ಟುಕೊಂಡು. ಅಕ್ಕೋರು ನನ್ನನ್ನು ಮೇಲಿಂದ ಕೆಳಗೆ ನೋಡಿ, "ಏಳನೇ ಇಯತ್ತೆ ಮುಗಸಿದ್ರ ನೀನೂ ಮುಲ್ಕಿ ಕಟ್ಟಬಹುದಿತ್ತು" ಅಂದರು. ಅಷ್ಟೇ.

ಹುಡುಗನ ತಾಯಿ ಎರಡು ಲೋಟ ಕುಡಿದು ಮೂರನೆಯದನ್ನು ಕೈಯಲ್ಲಿ ಹಿಡಿದರು. "ಯಾರ ಮಾಡಿದ್ರಿ ಇದನ್ನ?"

"ನಮ್ಮ ಹುಡುಗೀನೇ ಮಾಡ್ಯಾಳ್ರಿ" ಅಂದರು ಅಜ್ಜಿ, ಕಣ್ಣು ಮಿಟುಕಿಸದೆ.

"ಹೌದಾ? ಹೆಂಗ ಮಾಡಿದಿ ಹೇಳವಾ, ಕೇಳೂಣು."

ಹೇಳಿದೆ. ಹದಿಮೂರು ವರ್ಷದವಳಿಗೆ ಬಂದ ಉತ್ತರವನ್ನು ಅರ್ಧಕ್ಕೆ ನಿಲ್ಲಿಸಲು ಬರುವುದಿಲ್ಲ. ಅಕ್ಕೋರು ಪಾಠ ಒಪ್ಪಿಸಿಕೊಳ್ಳುವಾಗ ಹೇಳುವಂತೆ, ಹಣ್ಣು ಮೂಸುವುದರಿಂದ ಹಿಡಿದು ಎಲ್ಲವನ್ನೂ ಸಾಲಾಗಿ ಹೇಳಿದೆ. ಕೊನೆಗೆ, "ಒಂದು ಪಾತ್ರೆಗೆ ಒಂದು ಸೌಟು ತಣ್ಣೀರು ಹಾಕಬೇಕ್ರಿ, ಅಂದ್ರ ನೊರಿ ಏಳತದ" ಎಂದು ಮುಗಿಸಿದೆ.

"ಶಾಣ್ಯಾಳ!" ಅಂದರು ಆ ತಾಯಿ. ನನ್ನ ಮದುವೆ ಅಲ್ಲೇ ಗೊತ್ತಾಯಿತು. ಅಜ್ಜಿಯ ಕೈಯಲ್ಲಿದ್ದ ತಂಬಿಗೆ ತುಟಿಯ ಹತ್ತಿರ ಹೋದದ್ದು ಅಲ್ಲೇ ನಿಂತಿತ್ತು. ಅಜ್ಜಿ ಅದನ್ನು ಮೆಲ್ಲಗೆ ಕೆಳಗಿಟ್ಟರು.

ಬೀಗರ ಚಕ್ಕಡಿ ಓಣಿಯ ತಿರುವು ದಾಟಿತೋ ಇಲ್ಲವೋ, ಅಜ್ಜಿ ಅಕ್ಕೋರನ್ನು ಅಂಗಳಕ್ಕೆ ಕರೆಸಿದರು. ಅಜ್ಜಿ ಅಡುಗೆಮನೆಯ ಹೊಸ್ತಿಲಲ್ಲಿ. ನಾನು ಅವರ ಹಿಂದೆ. ಅಪ್ಪ ಪಡಸಾಲೆಯಲ್ಲಿ ಕಾಗದ ಪತ್ರ ಹರವಿಕೊಂಡು ಕೂತಿದ್ದರು. ಅಕ್ಕೋರು ಕೊಟ್ಟಿಗೆಯ ಪಕ್ಕ, ಬಿಸಿಲಲ್ಲಿ ನಿಂತರು. ಛತ್ರಿ ತಂದಿರಲಿಲ್ಲ.

"ಮೂರು ವರ್ಷ ನನ್ನ ಏಕಾದಶಿ ಕೆಡಿಸೀದಿ" ಅಂದರು ಅಜ್ಜಿ. "ನೀರು ಹಾಕಬ್ಯಾಡ ಅಂತ ಸಾವಿರ ಸಲ ಹೇಳಿದ್ದೆ. ಇವತ್ತ ಬೀಗರ ಹೊಟ್ಟಿಗೂ ನಿನ್ನ ನೀರು ಹೋತು. ಅವರಿಗೆ ತಿಳದ್ರ ಈ ಹುಡುಗಿ ಗತಿ ಏನು?"

"ನಾ ಹಾಕಿಲ್ರಿ" ಅಂದರು ಅಕ್ಕೋರು. ದನಿ ಏರಿಸಲಿಲ್ಲ. "ನೀರು ನಿಮ್ಮ ಬಾವಿದು, ತಂಬಿಗಿ ನಿಮ್ಮದು. ಹಾಕಿದಾಕಿ ನಿಮ್ಮ ಹುಡುಗಿ. ಮೊದಲನೇ ದಿನದಿಂದ ಆಕೀನ ಹಾಕ್ಯಾಳ. ನಾ ಕೈ ಹಿಂದ ಕಟ್ಟಿ ನಿಂದರತೀನಿ. ಕೇಳ್ರಿ ಆಕೀನ."

ಅಜ್ಜಿ ತಿರುಗಿದರು. "ಹಾಕಿದ್ಯೇನ ನೀನು?"

ಒಂದು ಹೌದು ಸಾಕಿತ್ತು. ಅವರ ಕೋಣೆ ಉಳಿಯುತ್ತಿತ್ತು, ಸಾಲೆ ಉಳಿಯುತ್ತಿತ್ತು, ಹನ್ನೊಂದು ಹುಡುಗಿಯರ ಅಕ್ಷರ ಉಳಿಯುತ್ತಿತ್ತು. ಆದರೆ ಹೌದು ಅಂದರೆ ಅದರ ಹಿಂದಿನದೆಲ್ಲ ಹೊರಬರುತ್ತಿತ್ತು: ನಾನು ಅವರ ಕೋಣೆಯೊಳಗೆ ಹೋದದ್ದು, ಮಗ್ಗುಲಲ್ಲಿ ಕೂತದ್ದು, ಹಾಗೇ ಬಂದು ದೇವರಮನೆಯ ದೀಪಕ್ಕೆ ಎಣ್ಣೆ ಹಾಕಿದ್ದು. ಇಡೀ ಮನೆಯನ್ನು ಮೂರು ವರ್ಷ ಮೈಲಿಗೆಯಲ್ಲಿಟ್ಟವಳು ನಾನಾಗುತ್ತಿದ್ದೆ. ಆ ಇಳಕಲ್ಲ ಸೀರೆ ಇನ್ನೂ ನನ್ನ ಮೈಮೇಲಿತ್ತು. ಕೊಪ್ಪಳದ ಹುಡುಗ ಹೋಗುವಾಗ ಒಮ್ಮೆ ತಿರುಗಿ ನೋಡಿದ್ದ.

"ಇಲ್ಲ" ಅಂದೆ. ಅಷ್ಟಕ್ಕೇ ನಿಲ್ಲಲಿಲ್ಲ. "ನಾ ದೂರ ನಿಂತಿರತೀನಿ. ಅವರು ಹಾಕೂದು ನೋಡೀನಿ" ಅಂದೆ.

ಅಕ್ಕೋರು ನನ್ನನ್ನು ನೋಡಿದರು. ಕಿವಿ ಹಿಂಡಿದ ದಿನ ಅವರ ಕಣ್ಣಲ್ಲಿ ಇದ್ದ ಸಿಟ್ಟನ್ನು ನಾನು ಹುಡುಕಿದೆ. ಇರಲಿಲ್ಲ. ಅವರು ಅಜ್ಜಿಯ ಕಡೆ ತಿರುಗಿ ಹೇಳಿದರು: "ಹಂಗಾರ ನಾನ ಹಾಕಿರಬೇಕು ಬಿಡ್ರಿ. ಹುಡುಗಿ ಸುಳ್ಳು ಹೇಳೂದಿಲ್ಲ. ನಾನ ಕಲಿಸೀನಿ ಆಕೀಗೆ."

ಈ ಮಾತನ್ನು ಅವರು ನನ್ನನ್ನು ಉಳಿಸಲು ಹೇಳಿದರೋ, ಚುಚ್ಚಲು ಹೇಳಿದರೋ ಇವತ್ತಿಗೂ ನನಗೆ ಗೊತ್ತಾಗಿಲ್ಲ. ಎರಡೂ ಇರಬಹುದು. ಎರಡಕ್ಕೂ ನಾನು ಯೋಗ್ಯಳೇ.

ಅಪ್ಪ ಪಡಸಾಲೆಯಿಂದ ಇಳಿದು ಬಂದರು. ಮಗಳ ಅಕ್ಷರ ನೋಡಿ ಹಿಗ್ಗುತ್ತಿದ್ದ ಅಪ್ಪ. "ನೋಡ್ರಿ ಅಕ್ಕೋರ, ನನ್ನ ಮನಸಿನಾಗ ಏನೂ ಇಲ್ಲ. ನನಗ ಇವೆಲ್ಲ ಒಪ್ಪಿಗೀನೂ ಇಲ್ಲ. ಆದ್ರ ಮನ್ಯಾಗ ಹಿರಿಯರಿದ್ದಾರ, ಮದಿವಿ ಬಂದದ... ಒಂದು ವಾರ ಮೊಹಲತ್ತು ಕೊಡತೀನಿ. ಆರಾಮಾಗಿ ನೋಡಕೊಂಡು ಹೋಗ್ರಿ" ಅಂದರು. ಕಚೇರಿಯಲ್ಲಿ ರೈತರಿಗೆ ಹೇಳುವ ಮಾತನ್ನೇ ಹೇಳಿದರು.

"ವಾರ ಯಾಕ ಬೇಕ್ರಿ? ಟ್ರಂಕು ಒಂದೈತಿ" ಅಂದರು ಅಕ್ಕೋರು.

ಮರುದಿನ ಬೆಳಿಗ್ಗೆಯೇ ಹೋದರು. ಪಂಚಗವ್ಯ ತಗೊಂಡು ಶುದ್ಧವಾಗಿದ್ದ ಅಜ್ಜಿ ನನ್ನನ್ನು ಹೊರಗೆ ಬಿಡಲಿಲ್ಲ. ಕಿಟಕಿಯಿಂದ ಚಕ್ಕಡಿ ಕಂಡಿತು, ಕರೀ ಛತ್ರಿ ಕಂಡಿತು. ಪಾಠಕ್ಕೆಂದು ಬಂದಿದ್ದ ಹುಡುಗಿಯರು ಪಾಟಿಗಳನ್ನು ಎದೆಗವಚಿಕೊಂಡು ಕಟ್ಟೆಯ ಪಕ್ಕ ಸಾಲಾಗಿ ನಿಂತಿದ್ದರು. ಸ್ವಲ್ಪ ಹೊತ್ತಿನ ಮೇಲೆ ಒಬ್ಬೊಬ್ಬರೇ ಮನೆಗೆ ಹೋದರು. ಅವರಲ್ಲಿ ಬಹಳ ಜನ ಮುಂದೆ ಹೆಬ್ಬೆಟ್ಟು ಒತ್ತಿಯೇ ಬದುಕಿದರು.

ಕುಷ್ಟಗಿ ದಾರಿ ಇಡೀ ದಿನದ ಬಿಸಿಲು. ಅಂದು ಅವರು ನೀರು ಕೇಳಲಿಲ್ಲ. ಅವರ ಹಿತ್ತಾಳೆ ಕೊಡ ಒಗೆಯುವ ಕಲ್ಲಿನ ಮೇಲೆ ಬೋರಲಾಗಿ ಬಿದ್ದಿತ್ತು. ಮರೆತರೋ, ಬೇಕೆಂದೇ ಬಿಟ್ಟರೋ ತಿಳಿಯದು. ಹಿತ್ತಾಳೆಯನ್ನು ಬೆಂಕಿಗೆ ಹಿಡಿದರೆ ಶುದ್ಧವಾಗುತ್ತದೆಂಬುದು ಅಜ್ಜಿಯ ಇನ್ನೊಂದು ತೀರ್ಪು. ಕೊಡವನ್ನು ಬೆಂಕಿಗೆ ಹಿಡಿದು, ಹುಣಸೆಹಣ್ಣು ಹಾಕಿ ತಿಕ್ಕಿ ಬೆಳಗಿಸಿದರು. ನನ್ನ ಮದುವೆಯಲ್ಲಿ ತವರಿನ ಪಾತ್ರೆಗಳನ್ನು ಸಾಲಾಗಿ ಜೋಡಿಸಿದಾಗ ಅದೂ ಅಲ್ಲಿತ್ತು. ಕೊಪ್ಪಳಕ್ಕೆ ನನ್ನ ಜೊತೆ ಬಂತು.

ಅಜ್ಜಿಯ ಕತೆಯನ್ನೂ ಮುಗಿಸಿಬಿಡುತ್ತೇನೆ. ಮರುವರ್ಷ ನಾನು ತವರಿಗೆ ಹೋದಾಗ, "ಆ ಹಣ್ಣಿನ ಹಾಲು ಮಾಡು" ಅಂದರು. ಮಾಡಿದೆ, ಎಲ್ಲವನ್ನೂ ಅದೇ ರೀತಿ, ಸೌಟು ನೀರೂ ಹಾಕಿ. ಅಜ್ಜಿ ಒಂದು ಗುಟುಕು ಕುಡಿದು ತಲೆ ಅಲ್ಲಾಡಿಸಿದರು. "ಆಕಿ ಕೈದು ಬ್ಯಾರೆ ಇತ್ತು. ಪಾಪ, ಛಲೋ ಹೆಂಗಸು. ನೀರೊಂದು ಹಾಕಬಾರದಿತ್ತು." ನಾನು ಲೋಟ ತೊಳೆಯಲು ಎದ್ದು ಹೋದೆ.

ನಿಜಾಮನ ರಾಜ್ಯ ಹೋಯಿತು. ಕನ್ನಡ ಸಾಲೆಗಳು ಬಂದವು. ಗಂಡನ ಮನೆಯಲ್ಲಿ ಪತ್ರ ಬರೆಯುವ ಕೆಲಸ ನನ್ನದೇ ಆಯಿತು, ಅಕ್ಷರ ದುಂಡಗಿದೆ ಎಂದು. ಓಣಿಯವರೆಲ್ಲರ ಪತ್ರ ಬರೆದುಕೊಟ್ಟಿದ್ದೇನೆ. ಸತ್ತ ಸುದ್ದಿ, ಹುಟ್ಟಿದ ಸುದ್ದಿ, ಕ್ಷಮೆ ಕೇಳುವ ಪತ್ರ ಸಹ, ಬೇರೆಯವರದು. ಕೊಪ್ಪಳದಿಂದ ಕುಷ್ಟಗಿ ಏನು ಕಾಶಿಯೇ? ಅವರ ಊರು ಯಾವುದೆಂದು ಗೊತ್ತಿತ್ತು. ಒಂದು ಕಾರ್ಡು ಸಾಕಾಗಿತ್ತು. ಬರೆಯಲಿಲ್ಲ. ಕಾರಣ ಹುಡುಕಿದರೆ ಹತ್ತು ಸಿಗುತ್ತವೆ, ನಿಜವಾದದ್ದು ಒಂದೇ. ನಾನು ಶಾಣ್ಯಾ ಸೊಸೆ ಎಂಬ ಹೆಸರು ಆ ಹಣ್ಣಿನ ಹಾಲಿನಿಂದಲೇ ಬಂದಿತ್ತು, ಅದನ್ನು ಬಿಡಲು ಮನಸ್ಸು ಬರಲಿಲ್ಲ.

ಹೋದ ಬೇಸಿಗೆಯ ಆ ದಿನ, ಬುಟ್ಟಿ ಇಳಿಸಿದ ಹುಡುಗಿ ಅಕ್ಕೋರ ಸುದ್ದಿ ಹೇಳುತ್ತಲೇ ಇದ್ದಳು. ಊರಿಗೆ ಹೋದ ಮೇಲೆ ಅವರು ತಮ್ಮ ಕೇರಿಯಲ್ಲೇ ಸಾಲೆ ಹಾಕಿದರಂತೆ. ಅವರ ಬಾಗಿಲ ಮುಂದೆ ಸದಾ ಒಂದು ಹರವಿ ನೀರು ಇರುತ್ತಿತ್ತಂತೆ, ಯಾರು ಬಂದರೂ ತಾವೇ ಮೊಗೆದು ಕುಡಿಯಬೇಕು.

"ಬೇಸಿಗ್ಯಾಗ ಹಣ್ಣಿನ ಹಾಲು ಮಾಡತಿದ್ರುರಿ. ನಾ ಇವತ್ತ ನಿಮಗ ಅದನ್ನ ಮಾಡತೀನಿ. ಸಕ್ರಿ ಕಾಯಿಲಿ ಅಂತ ಬ್ಯಾಡ ಅನಬ್ಯಾಡ್ರಿ, ಬೆಲ್ಲ ಕಮ್ಮಿ ಹಾಕತೀನಿ" ಎಂದು ನಮ್ಮ ಅಡುಗೆಮನೆಗೆ ನುಗ್ಗಿದಳು. ನಾನೂ ಹಿಂದೆ ಹೋದೆ. ಹಣ್ಣನ್ನು ಒರೆಸಿ ತೊಟ್ಟಿನ ಹತ್ತಿರ ಮೂಸಿದಳು. ಎರಡು ಹನಿ ಸೊನೆ ಹಿಂಡಿ ಚೆಲ್ಲಿದಳು. ರಸಕ್ಕೆ ಹಾಲನ್ನು ದಾರದ ಹಾಗೆ ಸುರಿದಳು. ನಾನು ಗೋಡೆಗೆ ಒರಗಿ ನೋಡುತ್ತಿದ್ದೆ.

ಕಡಗೋಲನ್ನು ಪಾತ್ರೆಯ ಅಂಚಿಗೆ ಒರಗಿಸಿ, ಅವಳು ಮೂಲೆಯ ಹಳೇ ಹಿತ್ತಾಳೆ ಕೊಡದಿಂದ ಒಂದು ಸೌಟು ನೀರು ಮೊಗೆದಳು. ನನ್ನ ಹತ್ತಿರ ತಂದು ಸೌಟಿನ ಹಿಡಿಕೆಯನ್ನು ನನ್ನ ಕಡೆ ಚಾಚಿದಳು.

"ಇದನ್ನ ನೀವು ಹಾಕ್ರಿ, ಅಮ್ಮಾರ. ನಮ್ಮ ಅಕ್ಕೋರು ಕೊನೀ ಸೌಟು ನೀರು ಎಂದೂ ತಾವು ಹಾಕತಿದ್ದಿಲ್ಲ. ಅವರದ ಮನಿ, ಅವರದ ನೀರು, ನಾವೂ ಅವರ ಕೇರ್ಯಾವ್ರ. ಆದ್ರೂ ಕೈ ಹಿಂದ ಕಟಗೊಂಡು ನಿಂತು, ನೀ ಹಾಕವಾ ಅಂತಿದ್ರು. ಹಾಸಿಗಿ ಹಿಡದಾಗೂ ಹಂಗ ಅಂದ್ರು. ಯಾಕ್ರಿ ಅಂತ ಕೇಳಿದ್ರ ಹೇಳತಿದ್ದಿಲ್ಲ. ಮೊದಲ ನಿಮ್ಮ ಗಂಗಾವತ್ಯಾಗ ಇದ್ರಂತ. ನಿಮಗೇನರ ಗೊತ್ತೇನ್ರಿ?"

ಸೌಟು ಕೈಗೆ ಬಂದಿತ್ತು.

"ಇಲ್ಲವಾ" ಅಂದೆ. "ನನಗ ಗೊತ್ತಿಲ್ಲ."

ಸೌಟನ್ನು ಅವಳಿಗೇ ಹಿಂದಕ್ಕೆ ಕೊಟ್ಟೆ. "ನೀ ಹಾಕವಾ" ಅಂದೆ.